ಬಿಸಿಲುಕೋಲು ಹಿಡಿದ ವಿ. ಕೆ. ಮೂರ್ತಿ

ಬೆಳಕನ್ನು ಪಳಗಿಸುವ ಕಲೆಗೆ ನಮ್ಮ ಭಾಷೆಯು ನೆರಳಿನ ಹೆಸರನ್ನಿಟ್ಟು ‘ಛಾಯಾಗ್ರಹಣ’ವೆಂದು ಕರೆದಿದೆ. ಈ ಹೆಸರಿನ ಔಚಿತ್ಯವನ್ನು ಅರಿಯಬಯಸುವವರು ವಿ. ಕೆ. ಮೂರ್ತಿಯವರ ಚಿತ್ರಗಳನ್ನು ನೋಡಬೇಕು.

ವೆಂಕಟರಾಮ ಪಂಡಿತ ಕೃಷ್ಣಮೂರ್ತಿಯವರು 1923ರಲ್ಲಿ ಮೈಸೂರಿನಲ್ಲಿ ಜನಿಸಿದರು. ಬೆಂಗಳೂರಿನ ಶ್ರೀ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್‌ನಲ್ಲಿ ಛಾಯಾಗ್ರಹಣ ಕಲಿತು ಮುಂಬಯಿ ಸೇರಿದರು. 1951ರ ‘ಬಾಜಿ’ಯಲ್ಲಿ ಅವರು ಸಹಾಯಕರು ಮಾತ್ರ. ಅಲ್ಲಿ ಅವರ ಕೈಗುಣವನ್ನು ಕಂಡ ಗುರುದತ್ತರು ಮರುವರ್ಷದ ‘ಜಾಲ್’ ಚಿತ್ರಕ್ಕೆ ಅವರನ್ನೇ ಛಾಯಾಗ್ರಾಹಕರನ್ನಾಗಿಸಿದರು. ಮುಂದೆ ‘ಪ್ಯಾಸಾ’ (1957), ‘ಕಾಗಜ್ ಕೆ ಫೂಲ್’ (1959), ‘ಸಾಹಿಬ್ ಬೀಬಿ ಔರ್ ಗುಲಾಮ್’ (1962) ಬಂದವು.

ಇವುಗಳಲ್ಲಿ ‘ಕಾಗಜ್ ಕೆ ಫೂಲ್’ ಭಾರತದ ಮೊದಲ ಸಿನಿಮಾಸ್ಕೋಪ್ ಚಿತ್ರ. ಈ ವಿಧಾನದ ಬೇರು ಫ್ರಾನ್ಸಿನಲ್ಲಿದೆ. ಅಲ್ಲಿನ ಖಗೋಳವಿಜ್ಞಾನಿ ಆನ್ರಿ ಕ್ರೆತಿಯಾಂ 1920ರ ದಶಕದಲ್ಲಿ ರೂಪಿಸಿದ ಮಸೂರವು ವಿಶಾಲ ದೃಶ್ಯವನ್ನು ಅಡ್ಡಲಾಗಿ ಒತ್ತಿ ಸಾಮಾನ್ಯ ಫಿಲ್ಮಿನಲ್ಲಿ ಹಿಡಿಸುತ್ತದೆ. ಪ್ರದರ್ಶಿಸುವಾಗ ಇನ್ನೊಂದು ಮಸೂರವು ಅದನ್ನು ಮತ್ತೆ ಹರಡುತ್ತದೆ. 1953ರಲ್ಲಿ ಹಾಲಿವುಡ್ ಇದನ್ನು ವೈಭವದ ಕಥೆಗಳಿಗೆ ಬಳಸತೊಡಗಿತು. ಗುರುದತ್ತರ ಕಥೆಯಲ್ಲಾದರೋ ಇದ್ದದ್ದು ಒಂಟಿಯಾದ ಒಬ್ಬ ನಿರ್ದೇಶಕ, ಬರಿದಾದ ಒಂದು ಸ್ಟುಡಿಯೊ. ಅಷ್ಟು ಅಗಲದ ಪರದೆಯ ಮೇಲೆ ಇಬ್ಬರನ್ನು ನಿಲ್ಲಿಸಿದರೆ ಉಳಿದ ಜಾಗವನ್ನೇನು ಮಾಡುವುದು? ಮೂರ್ತಿಯವರು ಅದನ್ನು ಕತ್ತಲೆಗೆ ಬಿಟ್ಟರು.

ಗೀತಾ ದತ್ತರು ಹಾಡಿದ ಪ್ರಸಿದ್ಧ ಗೀತೆಯ ದೃಶ್ಯದಲ್ಲಿ ಆ ಕತ್ತಲೆಯನ್ನು ಸೀಳಿಕೊಂಡು ಬೆಳಕಿನ ಕಂಬವೊಂದು ಇಳಿಯುತ್ತದೆ. ಹೊಸೂರು ಸೀಮೆಯ ಹಳೆಯ ಹೆಂಚಿನ ಮನೆಗಳಲ್ಲಿ ಬೆಳೆದವರಿಗೆ ಬೆಳಕಿಂಡಿಯ ಬಿಸಿಲುಕೋಲು ಹೊಸದೇನಲ್ಲ. ಆದರೆ ಅದನ್ನು ಸ್ಟುಡಿಯೊದೊಳಗೆ ತರುವುದು ಸುಲಭವಲ್ಲ: ದೀಪದ ಬೆಳಕು ದೂರ ಹೋದಂತೆ ಚದುರುತ್ತದೆ, ಸೂರ್ಯಕಿರಣಗಳು ಬಹುಮಟ್ಟಿಗೆ ಸಮಾಂತರವಾಗಿಯೇ ಸಾಗುತ್ತವೆ. ಆದುದರಿಂದ ಮೂರ್ತಿಯವರು ಸೂರ್ಯನನ್ನೇ ಒಳಗೆ ಕರೆದರು. ಹೊರಗೆ ಬಿಸಿಲಿನಲ್ಲಿ ಇರಿಸಿದ ದೊಡ್ಡ ಕನ್ನಡಿಯೊಂದು ಬೆಳಕನ್ನು ಒಳಗಿನ ಮತ್ತೊಂದು ಕನ್ನಡಿಗೆ ದಾಟಿಸಿತು. ಅದು ಪಾತ್ರಗಳತ್ತ ಬಾಗಿಸಿತು. ಅಗಲಿದ ಇಬ್ಬರ ನಡುವಣ ದೂರವನ್ನು ಆ ಬೆಳಕೇ ಅಳೆಯುತ್ತದೆ. ಇಲ್ಲಿ ಸಂಭಾಷಣೆಯ ಹಂಗಿಲ್ಲ.

ಅದೇ ವರ್ಷ ಪ್ಯಾರಿಸಿನಲ್ಲಿ, ಮೂರ್ತಿಯವರಿಗಿಂತ ಒಂದೇ ವರ್ಷ ಕಿರಿಯನಾದ ರಾವುಲ್ ಕುಟಾರ್, ಗೊದಾರನ ‘ಬ್ರೆತ್‌ಲೆಸ್’ ಚಿತ್ರಕ್ಕಾಗಿ ಕ್ಯಾಮೆರಾವನ್ನು ಕೈಯಲ್ಲೇ ಹಿಡಿದು ಬೀದಿಗಿಳಿದು, ಸಿಕ್ಕ ಬೆಳಕಿನಲ್ಲಿ ಚಿತ್ರಿಸಿದ. ಜಗತ್ತು ಅದನ್ನು ಹೊಸ ಅಲೆಯೆಂದು ಕೊಂಡಾಡಿತು. ‘ಕಾಗಜ್ ಕೆ ಫೂಲ್’ ಸೋತಿತು. ಗುರುದತ್ತರು ಮತ್ತೆ ನಿರ್ದೇಶಕರಾಗಿ ತಮ್ಮ ಹೆಸರನ್ನು ಹಾಕಿಕೊಳ್ಳಲಿಲ್ಲ. ಮೂರ್ತಿಯವರಿಗೆ ಆ ಚಿತ್ರಕ್ಕೆ ಫಿಲ್ಮ್‌ಫೇರ್ ಪ್ರಶಸ್ತಿಯೇನೋ ಬಂದಿತು. ಆದರೆ 2008ನೆಯ ಸಾಲಿನ ದಾದಾಸಾಹೇಬ್ ಫಾಲ್ಕೆ ಪ್ರಶಸ್ತಿ ಅವರನ್ನರಸಿ ಬರುವವರೆಗೆ ಯಾವ ಛಾಯಾಗ್ರಾಹಕರಿಗೂ ಆ ಗೌರವ ಸಂದಿರಲಿಲ್ಲ. ಇದು ತಡವಾದ ನ್ಯಾಯವೆಂದೇ ನನ್ನ ಭಾವನೆ. 2014ರಲ್ಲಿ ಅವರು ಬೆಂಗಳೂರಿನಲ್ಲಿ ನಿಧನರಾದರು.

ತ್ರಿವೇಣಿಯವರ ‘ಹೂವು ಹಣ್ಣು’ ಕಾದಂಬರಿಯನ್ನು ಓದಿರುವ ವಿದ್ಯಾರ್ಥಿಗಳು 1993ರಲ್ಲಿ ರಾಜೇಂದ್ರಸಿಂಗ್ ಬಾಬು ಅವರು ಅದನ್ನಾಧರಿಸಿ ನಿರ್ದೇಶಿಸಿದ ಚಿತ್ರವನ್ನು ನೋಡಬಹುದು. ಅದರ ಕ್ಯಾಮೆರಾ ಮೂರ್ತಿಯವರದು. ಒಂದೆರಡು ದೃಶ್ಯಗಳನ್ನಾದರೂ ಧ್ವನಿಯಿಲ್ಲದೆ ನೋಡಿ, ಕಾದಂಬರಿಯ ಯಾವ ಸಾಲು ಬೆಳಕಾಗಿದೆ, ಯಾವುದು ನೆರಳಾಗಿದೆ ಎಂದು ಗುರುತುಹಾಕಿಕೊಳ್ಳಿರಿ.