ನಿಮಗಿದು ಗೊತ್ತೇ? ಬಂದೂಕಿನ ಸಿನಿಮಾಗಳಿಗೆ ಮಾತು ಬರೆದಾಕೆ

ಹಂಫ್ರಿ ಬೋಗಾರ್ಟ್, ಜಾನ್ ವೇಯ್ನ್ ಎಂದರೆ ಹಳೆಯ ಹಾಲಿವುಡ್ ಬಲ್ಲವರಿಗೆಲ್ಲ ಗೊತ್ತು. ಅವರ ಬಾಯಿಗೆ ಖಡಕ್ ಮಾತುಗಳನ್ನಿಟ್ಟ ಅಮೆರಿಕದ ಚಿತ್ರಕಥೆಗಾರ್ತಿ ಲೀ ಬ್ರಾಕೆಟ್ (1915–1978) ಎಷ್ಟು ಜನರಿಗೆ ಗೊತ್ತು?

● ಲಾಸ್ ಏಂಜಲೀಸಿನಲ್ಲಿ ಹುಟ್ಟಿದ ಬ್ರಾಕೆಟ್ ಮೊದಲು ಹೆಸರು ಮಾಡಿದ್ದು ವೈಜ್ಞಾನಿಕ ಕಥೆಗಳಿಂದ. ಮೊದಲ ಕಥೆ 1940ರಲ್ಲಿ 'ಅಸ್ಟೌಂಡಿಂಗ್' ಪತ್ರಿಕೆಯಲ್ಲಿ ಅಚ್ಚಾಯಿತು. ಅದು ನಡೆಯುವುದು ಮಂಗಳ ಗ್ರಹದಲ್ಲಿ!

● 1944ರಲ್ಲಿ ಅವರ ಪತ್ತೇದಾರಿ ಕಾದಂಬರಿ 'ನೋ ಗುಡ್ ಫ್ರಮ್ ಎ ಕಾರ್ಪ್ಸ್' ಹೊರಬಂತು. ಓದಿ ಮೆಚ್ಚಿದ ನಿರ್ದೇಶಕ ಹೊವಾರ್ಡ್ ಹಾಕ್ಸ್, ಲೇಖಕ ಗಂಡಸೆಂದೇ ತಿಳಿದು ಕರೆಕಳಿಸಿದರು. ಬಂದದ್ದು ಇಪ್ಪತ್ತೆಂಟರ ಯುವತಿ. ಆದರೂ ಕೆಲಸ ಆಕೆಗೇ ಸಿಕ್ಕಿತು.

● ಆ ಕೆಲಸವೇ 'ದಿ ಬಿಗ್ ಸ್ಲೀಪ್' (1946). ಜೊತೆಗಾರ, ಮುಂದೆ ನೊಬೆಲ್ ಪಡೆದ ವಿಲಿಯಂ ಫಾಕ್ನರ್. ರೇಮಂಡ್ ಚಾಂಡ್ಲರ್ ಕಾದಂಬರಿಯ ಅಧ್ಯಾಯಗಳನ್ನು ಹಂಚಿಕೊಂಡ ಇಬ್ಬರೂ ಬೇರೆ ಬೇರೆ ಕೋಣೆಗಳಲ್ಲಿ ಕುಳಿತು ಬರೆದರು.

● ಚಿತ್ರದ ಕೆಲವು ಮೆದು ಮಾತುಗಳನ್ನು ಕಂಡ ಬೋಗಾರ್ಟ್, ಅವು ಹೆಣ್ಣು ಬರೆದವು ಎಂದುಕೊಂಡಿದ್ದರು. ವಿಚಾರಿಸಿದರೆ ಅವು ಫಾಕ್ನರ್ ಅವರವು! ಆಮೇಲೆ ಸಂಭಾಷಣೆಗೆ ಖಾರ ಬೇಕೆನಿಸಿದಾಗಲೆಲ್ಲ ಬೋಗಾರ್ಟ್ ಬರುತ್ತಿದ್ದುದು ತನ್ನ ಬಳಿಗೇ ಎಂದು ಬ್ರಾಕೆಟ್ ನೆನೆದಿದ್ದಾರೆ.

● ಹಾಕ್ಸ್ ಕರೆ ಬಂದಾಗ ಅವರ ಕೈಯಲ್ಲಿ ಅರ್ಧ ಬರೆದ ಕಥೆಯೊಂದಿತ್ತು: 'ಲೋರೆಲೈ ಆಫ್ ದ ರೆಡ್ ಮಿಸ್ಟ್'. ಉಳಿದರ್ಧ ಬರೆದು ಮುಗಿಸಿದ ಗೆಳೆಯ ರೇ ಬ್ರಾಡ್‌ಬರಿ.

● ಬ್ರಾಕೆಟ್ ಅವರ 1955ರ ಕಾದಂಬರಿ 'ದಿ ಲಾಂಗ್ ಟುಮಾರೊ' ಅಣುಯುದ್ಧದ ನಂತರದ ಅಮೆರಿಕದ ಕಥೆ. ಅಲ್ಲಿ ದೊಡ್ಡ ಊರು ಕಟ್ಟುವುದೇ ಅಪರಾಧ. ಇದರಿಂದಾಗಿ, ವೈಜ್ಞಾನಿಕ ಕಥೆಗಳಿಗೆ ಕೊಡುವ ಹ್ಯೂಗೋ ಪ್ರಶಸ್ತಿಯ ಕಾದಂಬರಿ ವಿಭಾಗದ ಅಂತಿಮ ಪಟ್ಟಿಗೇರಿದ ಮೊದಲ ಮಹಿಳೆ ಬ್ರಾಕೆಟ್.

● ಹಾಕ್ಸ್ ಅವರ ಐದು ಚಿತ್ರಗಳಿಗೆ ಅವರು ಬರೆದರು. 'ರಿಯೊ ಬ್ರಾವೊ', 'ಹಟಾರಿ', 'ಎಲ್ ಡೊರಾಡೊ', 'ರಿಯೊ ಲೋಬೊ' ಈ ನಾಲ್ಕರಲ್ಲೂ ಜಾನ್ ವೇಯ್ನ್ ನಾಯಕ. 'ರಿಯೊ ಬ್ರಾವೊ'ದ ಸರಕನ್ನೇ 'ಎಲ್ ಡೊರಾಡೊ'ದಲ್ಲಿ ಮತ್ತೆ ಬಳಸುವುದು ಬೇಡವೆಂದು ಬ್ರಾಕೆಟ್ ವಾದಿಸಿದರು. ನಡೆದದ್ದು ಮಾತ್ರ ಹಾಕ್ಸ್ ಮಾತು.

● 1973ರಲ್ಲಿ ಮತ್ತೆ ಚಾಂಡ್ಲರ್: 'ದಿ ಲಾಂಗ್ ಗುಡ್‌ಬೈ'. ಪತ್ತೇದಾರ ಮಾರ್ಲೊ ತನಗೆ ಮೋಸ ಮಾಡಿದ ಗೆಳೆಯನನ್ನು ಗುಂಡಿಟ್ಟು ಕೊಲ್ಲುವ ಮುಕ್ತಾಯ ಮೂಲ ಕಾದಂಬರಿಯಲ್ಲಿಲ್ಲ. ಅದು ನಿರ್ದೇಶಕ ರಾಬರ್ಟ್ ಆಲ್ಟ್‌ಮನ್‌ಗೆ ಎಷ್ಟು ಹಿಡಿಸಿತೆಂದರೆ, ಅದನ್ನು ಬದಲಿಸಕೂಡದೆಂಬ ಷರತ್ತಿನ ಮೇಲೆಯೇ ಚಿತ್ರ ಒಪ್ಪಿಕೊಂಡರು.

● ಕೊನೆಯ ಕೆಲಸ, ಜಾರ್ಜ್ ಲೂಕಸ್ ಅವರ 'ದಿ ಎಂಪೈರ್ ಸ್ಟ್ರೈಕ್ಸ್ ಬ್ಯಾಕ್'. 1978ರ ಫೆಬ್ರುವರಿಯಲ್ಲಿ ಮೊದಲ ಕರಡು ಸಿದ್ಧವಾಯಿತು. ಮಾರ್ಚ್ 18ರಂದು ಕ್ಯಾನ್ಸರಿನಿಂದ ಬ್ರಾಕೆಟ್ ತೀರಿಕೊಂಡರು.

● ಆ ಕರಡಿನಲ್ಲಿ ಖಳನಾಯಕ ಡಾರ್ತ್ ವೇಡರ್, ನಾಯಕ ಲ್ಯೂಕ್‌ನ ತಂದೆಯಲ್ಲ! ತಂದೆ ಬೇರೆಯೇ ಇದ್ದು, ಪ್ರೇತವಾಗಿ ಬಂದು ಮಗನನ್ನು ಕಾಣುತ್ತಾನೆ. ವೇಡರನೇ ತಂದೆ ಎಂಬ, ಜಗತ್ತನ್ನೇ ಬೆಚ್ಚಿಬೀಳಿಸಿದ ತಿರುವು ಸೇರಿದ್ದು ಬ್ರಾಕೆಟ್ ತೀರಿಕೊಂಡ ನಂತರ.

● ಲೂಕಸ್ ಮತ್ತು ಚಿತ್ರಕಥೆಗಾರ ಲಾರೆನ್ಸ್ ಕ್ಯಾಸ್ಡನ್ ಕಥೆಯನ್ನು ತಿದ್ದಿ ಬರೆದರೂ ಬ್ರಾಕೆಟ್ ಹೆಸರನ್ನು ಕೈಬಿಡಲಿಲ್ಲ. 1981ರಲ್ಲಿ ಚಿತ್ರಕ್ಕೆ ಹ್ಯೂಗೋ ಬಂದಾಗ ಗೌರವ ಅವರಿಗೂ ಸಂದಿತು.

ಮುಂದಿನ ಸಲ ಆ ಚಿತ್ರ ನೋಡಿದರೆ, ಮುಗಿದ ಕೂಡಲೇ ಏಳಬೇಡಿ. ಚಿತ್ರಕಥೆ ಎಂಬಲ್ಲಿ ಮೊದಲು ಬರುವ ಹೆಸರು ಲೀ ಬ್ರಾಕೆಟ್ ಅವರದು. ಅದನ್ನು ಓದಿಯೇ ಎದ್ದೇಳಿ.