ಗಂಜಿನಿಂದ ಸದನದವರೆಗೆ

2023ರ ಮೇ 27ರಂದು ಬೆಂಗಳೂರಿನ ರಾಜಭವನದಲ್ಲಿ 24 ಮಂದಿ ಸಚಿವರಾಗಿ ಪ್ರಮಾಣವಚನ ಸ್ವೀಕರಿಸಿದರು. ಅವರಲ್ಲಿ ಒಬ್ಬರು ಅಂದು ವಿಧಾನಸಭೆಯಲ್ಲೂ ಇರಲಿಲ್ಲ, ವಿಧಾನ ಪರಿಷತ್ತಿನಲ್ಲೂ ಇರಲಿಲ್ಲ. ಅವರೇ ರಾಯಚೂರು ಜಿಲ್ಲೆಯ ಎನ್.ಎಸ್. ಬೋಸರಾಜು. ಪಟ್ಟಿಯಲ್ಲಿ ಆ ಹೆಸರು ಕಂಡು ರಾಜಧಾನಿಯ ಎಷ್ಟೋ ಜನ ಹುಬ್ಬೇರಿಸಿದರು. ಅದೇ ಜಿಲ್ಲೆಯ ಮಾನ್ವಿಯವರಿಗೆ ಮಾತ್ರ ಅದು ಹಳೆಯ ಪರಿಚಯದ ಹೆಸರು. 1999 ಮತ್ತು 2004ರಲ್ಲಿ ಅವರನ್ನು ಕಾಂಗ್ರೆಸ್‌ನಿಂದ ಗೆಲ್ಲಿಸಿ ವಿಧಾನಸಭೆಗೆ ಕಳಿಸಿದ್ದು ಅದೇ ಊರು.

ಸಂವಿಧಾನದ 164(4)ನೇ ವಿಧಿಯ ಪ್ರಕಾರ ಸದನದ ಸದಸ್ಯರಲ್ಲದವರೂ ಮಂತ್ರಿಯಾಗಬಹುದು, ಆದರೆ ಆರು ತಿಂಗಳೊಳಗೆ ಯಾವುದಾದರೂ ಒಂದು ಸದನಕ್ಕೆ ಆಯ್ಕೆಯಾಗಬೇಕು. ಬೋಸರಾಜು ಅಷ್ಟು ದಿನ ಕಾಯಬೇಕಾಗಲಿಲ್ಲ. ಜೂನ್‌ನಲ್ಲಿ ನಡೆದ ಪರಿಷತ್ ಉಪಚುನಾವಣೆಯಲ್ಲಿ ಜಗದೀಶ ಶೆಟ್ಟರ್, ತಿಪ್ಪಣ್ಣಪ್ಪ ಕಮಕನೂರ ಅವರ ಜೊತೆ ಅವಿರೋಧವಾಗಿ ಆಯ್ಕೆಯಾದರು. 2024ರ ಜೂನ್‌ನಲ್ಲಿ ಮತ್ತೆ ಆಯ್ಕೆಯಾದರು. ಎರಡು ಸಲ ನೇರವಾಗಿ ಜನರಿಂದ ಗೆದ್ದವರು ಆಮೇಲೆ ಪರಿಷತ್ತಿನ ದಾರಿ ಹಿಡಿದದ್ದು ಯಾಕೆ? ಉತ್ತರ ಸಿಗಬೇಕಾದರೆ ರಾಯಚೂರು ಸೀಮೆಯ ನೆಲ, ವ್ಯಾಪಾರ ಮತ್ತು ಮತಕ್ಷೇತ್ರಗಳ ನಕಾಶೆ, ಈ ಮೂರನ್ನೂ ಒಟ್ಟಿಗೆ ಇಟ್ಟು ನೋಡಬೇಕು.

ಕೃಷ್ಣಾ ಮತ್ತು ತುಂಗಭದ್ರಾ ನದಿಗಳ ನಡುವಿನ ಈ ದೋಆಬ್ ಮೊದಲು ಜೋಳ, ಹತ್ತಿ, ಸಜ್ಜೆಯ ಒಣಭೂಮಿ. 1953ರಲ್ಲಿ ತುಂಗಭದ್ರಾ ಅಣೆಕಟ್ಟೆಯ ನೀರು ಹರಿಯತೊಡಗಿತು. 227 ಕಿ.ಮೀ. ಉದ್ದದ ಎಡದಂಡೆ ಕಾಲುವೆ ಗಂಗಾವತಿ, ಸಿಂಧನೂರು ದಾಟಿ ಮಾನ್ವಿಯ ಕಡೆಗೆ ಬಂತು. ನೀರಿನ ಬೆನ್ನಿಗೇ ಕರಾವಳಿ ಆಂಧ್ರದ ರೈತರು ಬಂದರು. ಜಮೀನು ಕೊಂಡು, ಕರಿಮಣ್ಣನ್ನು ಗದ್ದೆ ಮಾಡಿ, ಊರ ಹೊರಗೆ ತಮ್ಮದೇ ವಸತಿ ಕಟ್ಟಿಕೊಂಡರು. ಇವತ್ತಿಗೂ ಆ ಊರುಗಳಿಗೆ ‘ಕ್ಯಾಂಪ್’ ಎಂದೇ ಹೆಸರು. ಬೋಸರಾಜು ಆಂಧ್ರ ಮೂಲದ ರಾಜು ಸಮುದಾಯಕ್ಕೆ ಸೇರಿದವರು. ಸಂಖ್ಯೆಯಲ್ಲಿ ಸಣ್ಣ ಸಮುದಾಯದ ಒಬ್ಬರು ಮಾನ್ವಿಯಲ್ಲಿ ಎರಡು ಸಲ ಗೆದ್ದರು ಎಂದರೆ, ಜಾತಿಯ ಲೆಕ್ಕವೊಂದೇ ಆ ಗೆಲುವನ್ನು ವಿವರಿಸಲಾರದು.

ಇಲ್ಲಿನ ವ್ಯಾಪಾರವನ್ನೂ ನೋಡಬೇಕು, ಅದಕ್ಕೆ ಗಂಜಿಗೆ, ಅಂದರೆ ಕೃಷಿ ಮಾರುಕಟ್ಟೆಗೆ, ಹೋಗಬೇಕು. ರಾಯಚೂರಿನ ಎಪಿಎಂಸಿಗೆ ಜಿಲ್ಲೆಯ ಮಾಲಷ್ಟೇ ಅಲ್ಲ, ಗಡಿಯಾಚೆಯ ತೆಲಂಗಾಣ, ಆಂಧ್ರದ ಹತ್ತಿಯೂ ಬರುತ್ತದೆ. ಸುಗ್ಗಿಯಲ್ಲಿ ಖರೀದಿದಾರ ಹತ್ತಿಯ ರಾಶಿಯೊಳಗೆ ಕೈ ತೂರಿಸಿ, ಒಳಗಿನಿಂದ ಒಂದು ಹಿಡಿ ಎಳೆದು, ಎರಡೂ ಕೈಯ ಹೆಬ್ಬೆರಳು ತೋರುಬೆರಳುಗಳ ನಡುವೆ ಎಳೆ ಬಿಡಿಸಿ ಉದ್ದ ನೋಡುತ್ತಾನೆ. ಮೇಲಿನ ಹತ್ತಿ ಒಣಗಿದ್ದರೂ ಒಳಗಿನದು ತೇವವಿದ್ದರೆ ದರ ಅಲ್ಲೇ ಇಳಿಯುತ್ತದೆ. ಈಗ ಬಿಡ್ ಕಂಪ್ಯೂಟರಿನಲ್ಲಿ ನಡೆಯುತ್ತದೆ, ಆದರೆ ಕೈಯಲ್ಲಿ ಮುಟ್ಟಿ ನೋಡುವುದು ನಿಂತಿಲ್ಲ. ತೂಕವಾದ ಮೇಲೆ ದಲಾಲಿ ಅಂಗಡಿಯ ಗುಮಾಸ್ತ ಪಟ್ಟಿ ಬರೆಯುತ್ತಾನೆ. ಬಿತ್ತನೆಗೆ ಕೊಟ್ಟ ಮುಂಗಡ, ಗೊಬ್ಬರದ ಉದ್ರಿ, ಹಮಾಲಿ ಕೂಲಿ ಎಲ್ಲ ಕಳೆದು ಉಳಿದದ್ದು ರೈತನ ಕೈಗೆ. ಮಾನ್ವಿ ಕಡೆ ಹೋದರೆ ಇದೇ ವಹಿವಾಟು ನೆಲ್ಲಿನದ್ದು. ಅಲ್ಲಿ ದರ ಕೇಳಿದರೆ ಹೇಳುವುದು ಕ್ವಿಂಟಲ್ಲಿಗಲ್ಲ, 75 ಕಿಲೋ ಚೀಲಕ್ಕೆ.

ಈ ಅಂಗಡಿಯ ಹಾಸಿನ ಮೇಲೆ ಕೂತವನಿಗೆ ಹತ್ತಾರು ಹಳ್ಳಿಯ ಮನೆ ಮನೆಯ ಕಷ್ಟ ಗೊತ್ತಿರುತ್ತದೆ. ಯಾರ ಮಗಳ ಮದುವೆ ಯಾವ ತಿಂಗಳು, ಯಾರ ಬೋರ್‌ವೆಲ್ ಬತ್ತಿತು, ಯಾರ ಹೊಲಕ್ಕೆ ಕಾಲುವೆ ನೀರು ಮುಟ್ಟಲಿಲ್ಲ ಎಂಬುದೆಲ್ಲ ಖಾತೆ ಪುಸ್ತಕದಲ್ಲೇ ಕಾಣುತ್ತದೆ. ಅವನ ಬಳಿ ಲಾರಿಯಿದೆ, ಕೆಲಸದವರಿದ್ದಾರೆ, ಕಷ್ಟಕಾಲದಲ್ಲಿ ಕೊಟ್ಟ ಸಾಲದ ಋಣವಿದೆ. ವಿಧಾನಸಭೆ ಅಭ್ಯರ್ಥಿಯ ವೆಚ್ಚಕ್ಕೆ 40 ಲಕ್ಷ ರೂಪಾಯಿಯ ಮಿತಿಯಿರುವ ಕಾಲದಲ್ಲಿ ಇಂಥವರ ಬಾಗಿಲಿಗೆ ಪಕ್ಷಗಳು ಬರುವುದರಲ್ಲಿ ಅಚ್ಚರಿಯಿಲ್ಲ. ಹಾಗೆಂದು ಋಣದಲ್ಲಿರುವ ರೈತ ಮತವನ್ನೂ ಸಾಹುಕಾರನಿಗೇ ಹಾಕುತ್ತಾನೆ ಎಂದುಕೊಂಡರೆ ತಪ್ಪು. ಈ ಸೀಮೆಯ ಫಲಿತಾಂಶಗಳೇ ಅದನ್ನು ಹೇಳುತ್ತವೆ. ಗಂಜಿನ ಊರಾದ ರಾಯಚೂರು ನಗರ 2013ರಿಂದ ಸತತ ಮೂರು ಸಲ ಆರಿಸಿದ್ದು ವೃತ್ತಿಯಲ್ಲಿ ವೈದ್ಯರಾದ ಡಾ. ಶಿವರಾಜ ಪಾಟೀಲರನ್ನು, ಮೊದಲು ಜೆಡಿಎಸ್‌ನಿಂದ, ಆಮೇಲೆ ಎರಡು ಸಲ ಬಿಜೆಪಿಯಿಂದ. ಇದೇ ಜಿಲ್ಲೆಯ ದೇವದುರ್ಗ 1994ರಲ್ಲಿ ಚಿಕ್ಕಮಗಳೂರು ಜಿಲ್ಲೆಯ ತಾಂಡಾದಿಂದ ಬಂದ ಲೇಖಕಿ ಬಿ.ಟಿ. ಲಲಿತಾ ನಾಯಕ್ ಅವರನ್ನು ಗೆಲ್ಲಿಸಿತ್ತು. ಅವರು ಕನ್ನಡ ಮತ್ತು ಸಂಸ್ಕೃತಿ ಸಚಿವರೂ ಆದರು.

ವ್ಯಾಪಾರದ ಬಲವನ್ನು ಮೀರಿದ ಇನ್ನೊಂದು ಸಂಗತಿ ನಕಾಶೆ. 2008ರ ಚುನಾವಣೆಗೆ ಮುನ್ನ ಕ್ಷೇತ್ರಗಳ ಪುನರ್ವಿಂಗಡಣೆಯಾಯಿತು. ಸಾಮಾನ್ಯ ಕ್ಷೇತ್ರವಾಗಿದ್ದ ಮಾನ್ವಿ ಪರಿಶಿಷ್ಟ ಪಂಗಡಕ್ಕೆ ಮೀಸಲಾಯಿತು. ಪರಿಶಿಷ್ಟ ಜಾತಿಗೆ ಮೀಸಲಿದ್ದ ದೇವದುರ್ಗವೂ ಪರಿಶಿಷ್ಟ ಪಂಗಡಕ್ಕೆ ಬಂತು. ಇಂದು ಜಿಲ್ಲೆಯ ಏಳು ಕ್ಷೇತ್ರಗಳಲ್ಲಿ ರಾಯಚೂರು ಗ್ರಾಮೀಣ, ಮಾನ್ವಿ, ದೇವದುರ್ಗ, ಮಸ್ಕಿ ನಾಲ್ಕೂ ಪರಿಶಿಷ್ಟ ಪಂಗಡಕ್ಕೆ, ಲಿಂಗಸೂಗೂರು ಪರಿಶಿಷ್ಟ ಜಾತಿಗೆ ಮೀಸಲು. ಸಾಮಾನ್ಯ ಕ್ಷೇತ್ರ ಎರಡೇ, ರಾಯಚೂರು ನಗರ ಮತ್ತು ಸಿಂಧನೂರು. ದೊಡ್ಡ ಸಂಖ್ಯೆಯಲ್ಲಿರುವ ನಾಯಕ ಸಮುದಾಯಕ್ಕೆ ಇದರಿಂದ ನ್ಯಾಯವಾದ ಪ್ರಾತಿನಿಧ್ಯ ದೊರೆಯಿತು. ಮಾನ್ವಿಯಲ್ಲಿ ಜಿ. ಹಂಪಯ್ಯ ನಾಯಕ 2008, 2013 ಮತ್ತು 2023ರಲ್ಲಿ ಗೆದ್ದರು, ನಡುವೆ 2018ರಲ್ಲಿ ಜೆಡಿಎಸ್‌ನ ರಾಜಾ ವೆಂಕಟಪ್ಪ ನಾಯಕ ಗೆದ್ದರು.

2004ರಲ್ಲಿ ಗೆದ್ದಿದ್ದ ಬೋಸರಾಜು ಅವರಿಗೆ ಈ ಪುನರ್ವಿಂಗಡಣೆಯಿಂದ ಸ್ವಂತ ಕ್ಷೇತ್ರವೇ ಕೈತಪ್ಪಿತು. ಇಂಥ ಹೊತ್ತಿನಲ್ಲಿ ಎಷ್ಟೋ ನಾಯಕರು ಮನೆ ಸೇರುತ್ತಾರೆ. ಅವರು ಪಕ್ಷದ ಸಂಘಟನೆಗೆ ಇಳಿದರು. 2014ರಿಂದ 2020ರವರೆಗೆ ಪರಿಷತ್ ಸದಸ್ಯರಾಗಿದ್ದರು. ಎಐಸಿಸಿ ಕಾರ್ಯದರ್ಶಿಯಾಗಿ ತೆಲಂಗಾಣದ ಉಸ್ತುವಾರಿ ನೋಡಿಕೊಂಡರು. 75 ಸ್ಥಾನಗಳ ಪರಿಷತ್ತಿನಲ್ಲಿ 25 ಮಂದಿಯನ್ನು ಶಾಸಕರೇ ಆರಿಸುತ್ತಾರೆ. ಕ್ಷೇತ್ರವಿಲ್ಲದ ನಾಯಕನಿಗೆ ಆ ಬಾಗಿಲು ತೆರೆಯುವುದು ಪಕ್ಷ ಮನಸ್ಸು ಮಾಡಿದಾಗ ಮಾತ್ರ.

ದೇವದುರ್ಗದ ಕಥೆ ಇನ್ನೂ ಬಿರುಸು. 2008ರ ಮೇ ತಿಂಗಳಲ್ಲಿ ಜೆಡಿಎಸ್‌ನಿಂದ ಗೆದ್ದ ಕೆ. ಶಿವನಗೌಡ ನಾಯಕ ರಾಜೀನಾಮೆ ಕೊಟ್ಟು, ಅದೇ ವರ್ಷದ ಡಿಸೆಂಬರ್ ಉಪಚುನಾವಣೆಯಲ್ಲಿ ಬಿಜೆಪಿಯಿಂದ ಗೆದ್ದು ಬಂದರು. ‘ಆಪರೇಷನ್ ಕಮಲ’ ಎಂಬ ಮಾತು ರಾಜ್ಯದ ನಾಲಿಗೆಗೆ ಹತ್ತಿದ್ದು ಆಗಲೇ. 2013ರಲ್ಲಿ ಕಾಂಗ್ರೆಸ್‌ನಿಂದ ಗೆದ್ದವರು ಹಲವು ಸಲ ಸಂಸದರಾಗಿದ್ದ ಎ. ವೆಂಕಟೇಶ ನಾಯಕ. 2015ರ ಆಗಸ್ಟ್ 24ರ ನಸುಕಿನಲ್ಲಿ ಪೆನುಕೊಂಡ ಬಳಿ ಗ್ರಾನೈಟ್ ಲಾರಿಯೊಂದು ನಾಂದೇಡ್ ಎಕ್ಸ್‌ಪ್ರೆಸ್ ರೈಲಿಗೆ ಡಿಕ್ಕಿ ಹೊಡೆಯಿತು. ರೈಲಿನಲ್ಲಿದ್ದ ಶಾಸಕರು ಅಸುನೀಗಿದರು. 2016ರ ಉಪಚುನಾವಣೆಯಲ್ಲಿ ಶಿವನಗೌಡ ನಾಯಕ ಮರಳಿ ಬಂದರು, 2018ರಲ್ಲೂ ಉಳಿಸಿಕೊಂಡರು. 2023ರಲ್ಲಿ ಅವರನ್ನು ಸೋಲಿಸಿದವರು ಜೆಡಿಎಸ್‌ನ ಕರೆಮ್ಮ ಜಿ. ನಾಯಕ.

ವ್ಯಾಪಾರ, ಗುತ್ತಿಗೆಯ ಹಿನ್ನೆಲೆಯವರು ಸದನಕ್ಕೆ ಬಂದಾಗ ಜನ ಕೇಳಲೇಬೇಕಾದ ಪ್ರಶ್ನೆಯೊಂದಿದೆ: ಅಂಗಡಿ ಎಲ್ಲಿ ಮುಗಿಯಿತು, ಅಧಿಕಾರ ಎಲ್ಲಿ ಶುರುವಾಯಿತು? 1951ರ ಜನಪ್ರತಿನಿಧಿ ಕಾಯ್ದೆಯ 9ಎ ಕಲಮಿನಂತೆ, ಸರ್ಕಾರಕ್ಕೆ ಸರಕು ಪೂರೈಸುವ ಅಥವಾ ಸರ್ಕಾರಿ ಕಾಮಗಾರಿ ಮಾಡುವ ಗುತ್ತಿಗೆ ಜಾರಿಯಲ್ಲಿರುವವರೆಗೆ ಆ ವ್ಯಕ್ತಿ ಶಾಸಕನಾಗಲು ಅನರ್ಹ. ಕೆಲಸ ಪೂರ್ತಿ ಮುಗಿಸಿ, ಬಿಲ್ಲು ಮಾತ್ರ ಬಾಕಿಯಿದ್ದರೆ ಅಡ್ಡಿಯಿಲ್ಲ. ಸುಪ್ರೀಂ ಕೋರ್ಟಿನ 2002 ಮತ್ತು 2003ರ ತೀರ್ಪುಗಳ ಫಲವಾಗಿ ಪ್ರತಿ ಅಭ್ಯರ್ಥಿ ಆಸ್ತಿ, ಸಾಲ, ಕ್ರಿಮಿನಲ್ ಪ್ರಕರಣಗಳ ಪ್ರಮಾಣಪತ್ರ ಸಲ್ಲಿಸಬೇಕು. 2018ರ ತೀರ್ಪಿನ ನಂತರ ತನ್ನ, ಸಂಗಾತಿಯ ಹಾಗೂ ಅವಲಂಬಿತರ ಆದಾಯದ ಮೂಲವನ್ನೂ ಹೇಳಬೇಕು. ಈ ಪ್ರಮಾಣಪತ್ರಗಳು ಚುನಾವಣಾ ಆಯೋಗದ ಜಾಲತಾಣದಲ್ಲಿ ಎಲ್ಲರಿಗೂ ಸಿಗುತ್ತವೆ. ಒಬ್ಬರೇ ಅಭ್ಯರ್ಥಿಯ ಎರಡು ಚುನಾವಣೆಗಳ ಪ್ರಮಾಣಪತ್ರ ಅಕ್ಕಪಕ್ಕ ಇಟ್ಟು ಓದುವುದು ಕಾಲೇಜು ಹುಡುಗರಿಗೂ ಆಗುವ ಕೆಲಸ. ದೇವದುರ್ಗ, ಮಾನ್ವಿಯಂಥ ಊರುಗಳಲ್ಲಿ ಅದು ರೂಢಿಯಾಗಬೇಕು.

ಶಾಸಕನ ಕೆಲಸದ ಅಸಲಿ ಪರೀಕ್ಷೆ ನಡೆಯುವುದು ಕಾಲುವೆಯ ಕೊನೆಯಲ್ಲಿ. ಮೇಲ್ಭಾಗದಲ್ಲಿ ನೆಲ್ಲಿನ ಗದ್ದೆ ತುಂಬಿ ತುಳುಕಿದರೆ ಮಾನ್ವಿ, ಸಿರವಾರದ ಕೊನೆಭಾಗದ ರೈತ ಒಣಗಿದ ವಿತರಣಾ ನಾಲೆ ನೋಡುತ್ತ ಕೂರಬೇಕು. ದೇವದುರ್ಗದ ಆಸೆಯೆಲ್ಲ ನಾರಾಯಣಪುರ ಬಲದಂಡೆ ಕಾಲುವೆಯ ಮೇಲೆ. 2024ರ ಆಗಸ್ಟ್ 10ರ ರಾತ್ರಿ ತುಂಗಭದ್ರಾ ಅಣೆಕಟ್ಟೆಯ 19ನೇ ಗೇಟು ಕೊಚ್ಚಿಹೋದಾಗ ಈ ಸೀಮೆಯ ಮನೆಗಳಲ್ಲಿ ನಿದ್ದೆ ಇರಲಿಲ್ಲ. ಕಾಲುವೆ ಸೀಮೆಯಿಂದ ಬಂದ ಬೋಸರಾಜು ಅವರಿಗೆ ಸಿಕ್ಕಿದ್ದು ಸಣ್ಣ ನೀರಾವರಿ ಮತ್ತು ವಿಜ್ಞಾನ-ತಂತ್ರಜ್ಞಾನ ಖಾತೆ. 40ರಿಂದ 2,000 ಹೆಕ್ಟೇರ್‌ವರೆಗೆ ನೀರುಣಿಸುವ ಕೆರೆಗಳೂ, ಬೆಂಗಳೂರಿನ ಸಂಸ್ಕರಿಸಿದ ನೀರನ್ನು ಕೋಲಾರದ ಕೆರೆಗಳಿಗೆ ಹರಿಸುವ ಕೆ.ಸಿ. ವ್ಯಾಲಿ ಯೋಜನೆಯೂ ಆ ಇಲಾಖೆಯ ಪಾಲಿಗೆ ಬರುತ್ತವೆ.

ಕ್ಷೇತ್ರಗಳ ಗಡಿ ಮತ್ತೆ ಬದಲಾಗುವ ಕಾಲ ಹತ್ತಿರವಾಗುತ್ತಿದೆ. 2026ರ ನಂತರದ ಮೊದಲ ಜನಗಣತಿಯ ಅಂಕಿಗಳು ಬಂದ ಮೇಲೆ ಹೊಸ ಪುನರ್ವಿಂಗಡಣೆಗೆ ದಾರಿ ತೆರೆಯುತ್ತದೆ. ಮೀಸಲಾತಿಯ ಪಟ್ಟಿಯೂ ಆಗ ಹೊಸದಾಗಿ ಸಿದ್ಧವಾಗಬೇಕು. ಕರಡು ಪ್ರಕಟವಾದಾಗ ಆಕ್ಷೇಪಣೆ ಸಲ್ಲಿಸಲು ಸಾರ್ವಜನಿಕರಿಗೆ ಅವಕಾಶವಿರುತ್ತದೆ. ಕಳೆದ ಸಲ ಗೆರೆಯೊಂದು ಸರಿದದ್ದಕ್ಕೆ ಮಾನ್ವಿ, ದೇವದುರ್ಗಗಳ ರಾಜಕೀಯವೇ ಬದಲಾಯಿತು. ಈ ಸಲ ಆ ಕರಡನ್ನು ಪಕ್ಷದ ಮುಖಂಡರಷ್ಟೇ ಓದಿದರೆ ಸಾಲದು, ಕಾಲುವೆಯ ಕೊನೆಯ ಊರಿನವರೂ ಓದಿ ಅರ್ಜಿ ಹಾಕಬೇಕು.