ನಿಪ್ಪಾಣಿಯ ವಖಾರಿಯೊಳಗೊಂದು ಕ್ಯಾಮೆರಾ: ನವ್ರೋಜ್ ಕಾಂಟ್ರಾಕ್ಟರ್ ಅವರ ಸಾಕ್ಷ್ಯಚಿತ್ರ ಪಯಣ

ನಿಪ್ಪಾಣಿ ಎಂದೊಡನೆ ಹಿರಿಯ ಓದುಗರಿಗೆ ನೆನಪಾಗುವುದು 1981ರ ತಂಬಾಕು ಬೆಳೆಗಾರರ ಚಳವಳಿ. ಗುಂಡೂರಾವ್ ಮುಖ್ಯಮಂತ್ರಿಯಾಗಿದ್ದ ಆ ವರ್ಷದ ಏಪ್ರಿಲ್‌ನಲ್ಲಿ ಪೊಲೀಸರ ಗುಂಡಿಗೆ ರೈತರು ಬಲಿಯಾದರು. ಸುದ್ದಿ ದೇಶದ ಉದ್ದಗಲಕ್ಕೂ ಹಬ್ಬಿತು. ಅದೇ ಊರಿನ ವಖಾರಿಗಳೊಳಗೆ ಬೀಡಿ ತಂಬಾಕನ್ನು ಹಸನು ಮಾಡುತ್ತ, ಅದರ ಧೂಳನ್ನೇ ಉಸಿರಾಡುತ್ತಿದ್ದ ಮಹಿಳೆಯರ ಹೋರಾಟಕ್ಕೆ ಅಷ್ಟು ಪ್ರಚಾರ ಸಿಗಲಿಲ್ಲ. ಆ ಮಹಿಳೆಯರ ಮುಖಗಳು ಇಂದಿಗೂ ನೋಡಲು ಸಿಗುತ್ತಿದ್ದರೆ ಅದಕ್ಕೆ ಕಾರಣ 1982ರ ‘ತಂಬಾಕು ಚಾಕಿಲಾ ಊಬ್ ಆಲೀ’ ಎಂಬ ಮರಾಠಿ ಸಾಕ್ಷ್ಯಚಿತ್ರ. ನಿರ್ದೇಶನ ದೀಪಾ ಧನರಾಜ್ ಅವರದು. ಕ್ಯಾಮೆರಾ ಹಿಡಿದವರು ನವ್ರೋಜ್ ಕಾಂಟ್ರಾಕ್ಟರ್.

ಗುಜರಾತ್ ಮೂಲದ ಕಾಂಟ್ರಾಕ್ಟರ್ ಬರೋಡಾದಲ್ಲಿ ಲಲಿತಕಲೆಯನ್ನೂ ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟ್‌ನಲ್ಲಿ ಛಾಯಾಗ್ರಹಣವನ್ನೂ ಕಲಿತವರು. ಮಣಿ ಕೌಲ್ ನಿರ್ದೇಶನದ ‘ದುವಿಧಾ’ ಅವರಿಗೆ ಹೆಸರು ತಂದಿತು. ಆ ಹೆಸರಿನ ಬಲದಿಂದ ಕಥಾಚಿತ್ರಗಳಲ್ಲೇ ನೆಲೆಯೂರಬಹುದಿತ್ತು. ಆದರೆ ಬೆಂಗಳೂರನ್ನು ಮನೆಯಾಗಿಸಿಕೊಂಡ ಅವರು 1980ರಲ್ಲಿ ದೀಪಾ ಧನರಾಜ್, ಆಭಾ ಭೈಯಾ ಹಾಗೂ ಮೀರಾ ರಾವ್ ಅವರೊಂದಿಗೆ ‘ಯುಗಾಂತರ್’ ಎಂಬ ಚಿತ್ರ ತಂಡವನ್ನು ಸೇರಿದರು. ತಂಡದ ನಾಲ್ವರಲ್ಲಿ ಅವರೊಬ್ಬರೇ ಪುರುಷರು.

ಅಂದಿನ ಪ್ರೇಕ್ಷಕರಿಗೆ ಸಾಕ್ಷ್ಯಚಿತ್ರವೆಂದರೆ ಚಿತ್ರಮಂದಿರದಲ್ಲಿ ಮುಖ್ಯ ಚಿತ್ರಕ್ಕೆ ಮುನ್ನ ತೋರಿಸುತ್ತಿದ್ದ, 1948ರಲ್ಲಿ ಸ್ಥಾಪನೆಯಾದ ಫಿಲ್ಮ್ಸ್ ಡಿವಿಷನ್ನಿನ ವಾರ್ತಾಚಿತ್ರ. ಅಣೆಕಟ್ಟು, ಉದ್ಘಾಟನೆ, ಹಿನ್ನೆಲೆಯಲ್ಲಿ ಗಂಭೀರ ಧ್ವನಿ. (ಅದು ಮುಗಿಯುವವರೆಗೆ ಹೊರಗೆ ಬೀಡಿ ಸೇದಿ ಬರುವವರೂ ಇದ್ದರು.) ಎರಡನೆಯ ಮಹಾಯುದ್ಧದ ನಂತರದ ದಶಕಗಳಲ್ಲಿ ಬಳಕೆಗೆ ಬಂದ ಹಗುರವಾದ 16 ಎಂ.ಎಂ. ಕ್ಯಾಮೆರಾಗಳು ಸರ್ಕಾರದ ಹೊರಗಿನವರಿಗೂ ಈ ಮಾಧ್ಯಮದ ಬಾಗಿಲು ತೆರೆದವು. ಹೆಗಲ ಮೇಲಿಟ್ಟುಕೊಂಡು ಇಕ್ಕಟ್ಟಾದ ಜಾಗಕ್ಕೂ ಒಯ್ಯಬಹುದಾಗಿತ್ತು.

ಒಯ್ಯಬಹುದೆಂದ ಮಾತ್ರಕ್ಕೆ ಕೆಲಸ ಸಲೀಸೆಂದಲ್ಲ. 400 ಅಡಿಯ ಒಂದು ರೀಲು ಹನ್ನೊಂದು ನಿಮಿಷಕ್ಕೆ ಮುಗಿದುಹೋಗುತ್ತದೆ. ಇಂದಿನ ಮೊಬೈಲ್ ಕ್ಯಾಮೆರಾದಂತೆ ತೆಗೆದದ್ದನ್ನು ಅಲ್ಲೇ ನೋಡಿ ತಿದ್ದಿಕೊಳ್ಳುವಂತಿಲ್ಲ; ಫಿಲ್ಮ್ ಲ್ಯಾಬಿಗೆ ಹೋಗಿ ಬಂದ ಮೇಲೆಯೇ ಫಲ ತಿಳಿಯುವುದು. ಒಳಗೆ ಒಂದು ಧೂಳಿನ ಕಣ ಸೇರಿದರೂ ಫಿಲ್ಮಿನ ಮೇಲೆ ಗೀರು ಬೀಳುತ್ತದೆ. ತಂಬಾಕಿನ ವಖಾರಿಯಲ್ಲಿ ಧೂಳಿಗೇನು ಬರ?

ಎಲ್ಲಕ್ಕಿಂತ ಮುಖ್ಯವಾದುದು ಒಳಗಿದ್ದವರ ವಿಶ್ವಾಸ. ಯುಗಾಂತರ್ ತಂಡ ನಿಪ್ಪಾಣಿಯ ಕಾರ್ಮಿಕ ಮಹಿಳೆಯರೊಂದಿಗೆ ಸುಮಾರು ನಾಲ್ಕು ತಿಂಗಳು ಕೆಲಸ ಮಾಡಿತು. ಅವರ ದುಡಿಮೆಯ ಸ್ಥಿತಿ, ಸಂಘ ಕಟ್ಟಿದ ಬಗೆ, ಮುಷ್ಕರದ ತಂತ್ರ ಎಲ್ಲವನ್ನೂ ಅವರ ಬಾಯಿಂದಲೇ ಕೇಳಿತು. ಅದುವರೆಗೆ ಹೊರಗಿನವರು ಕಂಡಿರದ ಒಳಾಂಗಣದ ದೃಶ್ಯಗಳು ಹಾಗೆ ದಕ್ಕಿದವು. ಸುಮಾರು 25 ನಿಮಿಷಗಳ ಚಿತ್ರಕ್ಕೆ ನಾಲ್ಕು ತಿಂಗಳು ಎಂಬುದು ಇಂದಿನ ಸುದ್ದಿವಾಹಿನಿಗಳಿಗೆ ದುಬಾರಿ ಎನಿಸೀತು.

ಪುಣೆಯ ಮನೆಗೆಲಸದ ಮಹಿಳೆಯರನ್ನು ಕುರಿತ ‘ಮೋಲ್ಕರೀಣ್’ (1981) ಈ ತಂಡದ ಇನ್ನೊಂದು ಚಿತ್ರ. ಬಳಿಕ ಕಾಂಟ್ರಾಕ್ಟರ್ ಹೈದರಾಬಾದಿನ ಕೋಮುಗಲಭೆಗಳ ಬಗೆಗಿನ ‘ಕ್ಯಾ ಹುವಾ ಇಸ್ ಶಹರ್ ಕೋ?’ (1986), ಕುಟುಂಬ ಯೋಜನೆಯ ಹೆಸರಿನಲ್ಲಿ ಬಡ ಮಹಿಳೆಯರ ಮೇಲೆ ನಡೆದ ಬಲವಂತವನ್ನು ಬಿಚ್ಚಿಟ್ಟ ‘ಸಮ್‌ಥಿಂಗ್ ಲೈಕ್ ಎ ವಾರ್’ (1991) ಚಿತ್ರಗಳಿಗೂ ಕ್ಯಾಮೆರಾ ಹಿಡಿದರು. ಕನ್ನಡದಲ್ಲಿ ಪಟ್ಟಾಭಿರಾಮ ರೆಡ್ಡಿ ಅವರ ‘ದೇವರ ಕಾಡು’ (1993) ಚಿತ್ರದ ಛಾಯಾಗ್ರಹಣವೂ ಅವರದೇ.

ಸಾಕ್ಷ್ಯಚಿತ್ರದ ಛಾಯಾಗ್ರಾಹಕನಿಗೆ ತಾರಾಪಟ್ಟವಿಲ್ಲ, ಗೋಡೆಯ ಮೇಲೆ ಪೋಸ್ಟರೂ ಇಲ್ಲ. ನಿಪ್ಪಾಣಿಯ ಚಿತ್ರಕ್ಕಂತೂ ಮತ್ತೊಂದು ತೊಡಕು: ನೆಲ ಕರ್ನಾಟಕದ್ದು, ಭಾಷೆ ಮರಾಠಿ. ಗಡಿ ವಿವಾದದ ಸದ್ದಿನಲ್ಲಿ ಇಂಥ ಕೃತಿ ಎರಡೂ ಕಡೆಯವರ ಲೆಕ್ಕದಿಂದ ಜಾರಿಹೋಗುವುದು ಸುಲಭ.

ಬೈಕ್ ಸವಾರಿ ಹಾಗೂ ಜಾಝ್ ಸಂಗೀತವನ್ನು ಕೊನೆಯವರೆಗೂ ಪ್ರೀತಿಸಿದ ಕಾಂಟ್ರಾಕ್ಟರ್, 2023ರ ಜೂನ್ 18ರಂದು ಹೊಸೂರು ಬಳಿ ಸಂಭವಿಸಿದ ರಸ್ತೆ ಅಪಘಾತದಲ್ಲಿ ಮೃತಪಟ್ಟರು. ಆಗಲೂ ಅವರು ಬೈಕಿನಲ್ಲೇ ಹೊರಟಿದ್ದರು. ಅಷ್ಟರಲ್ಲಿ ಯುಗಾಂತರ್ ಚಿತ್ರಗಳು ಬರ್ಲಿನ್ನಿನ ಆರ್ಸೆನಲ್ ಚಲನಚಿತ್ರ ಸಂಸ್ಥೆಯ ನೆರವಿನಿಂದ ಡಿಜಿಟಲ್ ರೂಪ ಪಡೆದಿದ್ದವು. ನಿಪ್ಪಾಣಿಯ ವಖಾರಿಯ ಆ ಮಹಿಳೆಯರನ್ನು ವಿದೇಶದ ಪ್ರೇಕ್ಷಕರೂ ಈಗ ಕಂಡಿದ್ದಾರೆ.